‘ಬದಲಿ ಆಟಗಾರ’ನೂ ಅಲ್ಲ, ‘ಆಲ್‌ರೌಂಡರ್’ ಕೂಡ ಅಲ್ಲ

ಮಾನ್ಯ ಸಂಪಾದಕರೇ,

ಅಮೆರಿಕದ ಮೇಜರ್ ಲೀಗ್ ಬೇಸ್‌ಬಾಲ್‌ನ ಅಂತಿಮ ಸರಣಿಯಾದ 2025ರ ವರ್ಲ್ಡ್ ಸೀರೀಸ್ ಕುರಿತು ತಮ್ಮ ಕ್ರೀಡಾ ಪುಟದಲ್ಲಿ ಪ್ರಕಟವಾದ ಲೇಖನವನ್ನು ಆಸಕ್ತಿಯಿಂದ ಓದಿದೆ. ಏಳನೇ ಪಂದ್ಯದ ಒಂಬತ್ತನೇ ಇನಿಂಗ್ಸ್‌ನಲ್ಲಿ ಹೋಮ್ ರನ್ (ಚೆಂಡನ್ನು ಬೇಲಿಯಾಚೆ ಅಟ್ಟುವ ಹೊಡೆತ) ಹೊಡೆದು ಲಾಸ್ ಏಂಜಲೀಸ್ ಡಾಡ್ಜರ್ಸ್ ತಂಡವನ್ನು 4–4ರ ಸಮಬಲಕ್ಕೆ ತಂದ ಮಿಗೆಲ್ ರೋಹಾಸ್ ಅವರನ್ನು ಅದರಲ್ಲಿ ಒಂದೆಡೆ ‘ಬದಲಿ ಆಟಗಾರ’ ಎಂದೂ ಮತ್ತೊಂದೆಡೆ ‘ಆಲ್‌ರೌಂಡರ್’ ಎಂದೂ ಕರೆಯಲಾಗಿದೆ. ರೋಹಾಸ್ ಆ ಪಂದ್ಯವನ್ನು ಮೊದಲಿನಿಂದಲೇ ಆಡಿದ್ದರಿಂದ ಮೊದಲ ಮಾತು ಸರಿಯಲ್ಲ. ಆಲ್‌ರೌಂಡರ್ ಎಂದರೆ ನಮ್ಮ ಓದುಗರ ಕಣ್ಣ ಮುಂದೆ ಬರುವುದು ಬ್ಯಾಟಿಂಗ್, ಬೌಲಿಂಗ್ ಎರಡರಲ್ಲೂ ಮಿಂಚುವ ತಾರೆ. ಅಂಥವರು ಬೇಕಿದ್ದರೆ ಅದೇ ತಂಡದಲ್ಲಿ ಶೋಹೆ ಒಟಾನಿ ಇದ್ದಾರೆ. ರೋಹಾಸ್ ಅವರ ಕಸುಬಿಗೆ ಅಲ್ಲಿನವರು ಇಟ್ಟಿರುವ ಹೆಸರು ‘ಯುಟಿಲಿಟಿ ಇನ್‌ಫೀಲ್ಡರ್’, ಅಂದರೆ ಬೇಸ್‌ಗಳ ಸುತ್ತಲಿನ ಹಲವು ಫೀಲ್ಡಿಂಗ್ ಸ್ಥಾನಗಳಲ್ಲಿ ಆಡಬಲ್ಲವನು. ಅದನ್ನು ಹಾಗೆಯೇ ಬರೆದು ಒಂದೆರಡು ವಾಕ್ಯಗಳಲ್ಲಿ ವಿವರಿಸಿದ್ದರೆ ಚೆನ್ನಾಗಿತ್ತು.

ಇಂಥ ಆಟಗಾರ ಏಕೆ ಬೇಕು ಎಂಬುದು ತಂಡದ ಲೆಕ್ಕದಲ್ಲೇ ಇದೆ. ಮೇಜರ್ ಲೀಗ್ ತಂಡವೊಂದು ಋತುವಿನ ಬಹುಪಾಲು ಅವಧಿಯಲ್ಲಿ 26 ಜನರನ್ನು ಇಟ್ಟುಕೊಳ್ಳಬಹುದು; ಸಾಮಾನ್ಯವಾಗಿ ಅವರಲ್ಲಿ 13 ಮಂದಿ ಬ್ಯಾಟರ್‌ಗೆ ಚೆಂಡೆಸೆಯುವ ಪಿಚರ್‌ಗಳೇ. ಬ್ಯಾಟಿಂಗ್ ಸರದಿಯ ಒಂಬತ್ತು ಜನರನ್ನು ಕಳೆದರೆ ಬೆಂಚಿನಲ್ಲಿ ಉಳಿಯುವವರು ನಾಲ್ವರು, ಅವರಲ್ಲೂ ಒಬ್ಬ ಎರಡನೇ ಕ್ಯಾಚರ್ (ಬ್ಯಾಟರ್ ಹಿಂದೆ ಕುಳಿತು ಚೆಂಡು ಹಿಡಿಯುವವನು) ಆಗಿರಲೇಬೇಕು. 162 ಪಂದ್ಯಗಳ ಸುದೀರ್ಘ ಋತುವಿನಲ್ಲಿ ಯಾರಿಗೆ ಗಾಯವಾದರೂ, ಯಾರಿಗೆ ವಿಶ್ರಾಂತಿ ಕೊಟ್ಟರೂ, ಮಿಕ್ಕ ಮೂವರೇ ಆ ಜಾಗ ತುಂಬಬೇಕು. ಆದ್ದರಿಂದಲೇ ಸೆಕೆಂಡ್ ಬೇಸ್, ಥರ್ಡ್ ಬೇಸ್, ಅವೆರಡರ ನಡುವಿನ ಶಾರ್ಟ್‌ಸ್ಟಾಪ್ ಈ ಮೂರೂ ಸ್ಥಾನಗಳನ್ನು ಬಲ್ಲವನಿಗೆ ಅಲ್ಲಿ ಬೆಲೆ.

ಈ ಮೂರೂ ಒಂದೇ ಬಗೆಯ ಕೆಲಸವೆಂದು ದೂರದಿಂದ ನೋಡುವವರಿಗೆ ಅನ್ನಿಸಬಹುದು. ಥರ್ಡ್ ಬೇಸ್‌ನಲ್ಲಿ ನಿಂತವನಿಗೆ ಬಲಗೈ ಬ್ಯಾಟರ್ ಎಳೆದು ಹೊಡೆದ ಚೆಂಡು ಯೋಚಿಸಲು ಸಮಯವನ್ನೇ ಕೊಡದೆ ಬಂದೆರಗುತ್ತದೆ. ಅಲ್ಲಿಂದ ಫಸ್ಟ್ ಬೇಸ್‌ಗೆ ಎಸೆಯಲು ತೋಳಿನಲ್ಲಿ ಕಸುವು ಬೇಕು. ಸೆಕೆಂಡ್ ಬೇಸ್‌ನವನು ಡಬಲ್ ಪ್ಲೇ (ಒಂದೇ ಹೊಡೆತಕ್ಕೆ ಇಬ್ಬರನ್ನು ಔಟ್ ಮಾಡುವುದು) ಮಾಡುವಾಗ ಹಿಂದಿನಿಂದ ನುಗ್ಗಿ ಬರುತ್ತಿರುವ ಓಟಗಾರನಿಗೆ ಬಹುಮಟ್ಟಿಗೆ ಬೆನ್ನು ಕೊಟ್ಟು ಚೆಂಡು ಹಿಡಿದು, ಒಂದೇ ಹೆಜ್ಜೆಯಲ್ಲಿ ತಿರುಗಿ ಎಸೆಯಬೇಕು. ಶಾರ್ಟ್‌ಸ್ಟಾಪ್‌ಗೆ ಅದೇ ಆಟ ಎದುರಿಗೇ ಕಾಣುತ್ತದೆ, ಆದರೆ ಅವನು ಕಾಯಬೇಕಾದ ನೆಲ ಹೆಚ್ಚು. ಗ್ಲೌಸ್ ಕೂಡ ಬೇರೆ: ಸೆಕೆಂಡ್ ಬೇಸ್‌ನವನದು ಚೆಂಡು ಬೇಗ ಕೈಗೆ ಸಿಗುವಂತೆ ಚಿಕ್ಕದು, ಥರ್ಡ್ ಬೇಸ್‌ನವನದು ತುಸು ದೊಡ್ಡದು. ಯಾವ ಗ್ಲೌಸ್ ತೊಡಬೇಕೆಂಬುದು ಎಷ್ಟೋ ದಿನ ಎಂಟನೇ ಇನಿಂಗ್ಸ್‌ವರೆಗೂ ಗೊತ್ತಿಲ್ಲದೆ ಬೆಂಚಿನಲ್ಲಿ ಕಾದು ಕುಳಿತಿರುವುದೂ ಈ ಕಸುಬಿನದೇ ಭಾಗ.

ರೋಹಾಸ್ ಅವರ ವೃತ್ತಿಜೀವನವನ್ನೇ ನೋಡಬಹುದು. ವೆನೆಜುವೆಲಾದ ಈ ಹುಡುಗನನ್ನು ಸಿನ್ಸಿನಾಟಿ ರೆಡ್ಸ್ ತಂಡ 2005ರಲ್ಲಿ, 16ನೇ ವಯಸ್ಸಿನಲ್ಲಿ, ಸೇರಿಸಿಕೊಂಡಿತು. ಆದರೆ ಮೇಜರ್ ಲೀಗ್‌ನ ಅಂಗಳಕ್ಕೆ ಅವರು ಇಳಿದದ್ದು 2014ರಲ್ಲಿ, ಅದೂ ಡಾಡ್ಜರ್ಸ್ ಪರವಾಗಿ. ಅದೇ ವರ್ಷದ ಜೂನ್ 18ರಂದು ಡಾಡ್ಜರ್ಸ್ ಪಿಚರ್ ಕ್ಲೇಟನ್ ಕರ್ಶಾ ಎದುರಾಳಿಗೆ ಒಂದೂ ಹಿಟ್ (ಬ್ಯಾಟರ್‌ನನ್ನು ಬೇಸ್ ತಲುಪಿಸುವ ಹೊಡೆತ) ಕೊಡದೆ ಪಂದ್ಯ ಮುಗಿಸಿದಾಗ, ಏಳನೇ ಇನಿಂಗ್ಸ್‌ನಲ್ಲಿ ಥರ್ಡ್ ಬೇಸ್‌ನ ಹಿಂದಿನಿಂದ ಎದುರಾಳಿ ಬ್ಯಾಟರ್ ಟ್ರಾಯ್ ಟುಲೊವಿಟ್ಸ್‌ಕಿ ಅವರನ್ನು ಔಟ್ ಮಾಡಿ ಆ ದಾಖಲೆಯನ್ನು ಉಳಿಸಿದವರು ರೋಹಾಸ್. ಆ ವರ್ಷಾಂತ್ಯದಲ್ಲೇ ಅವರನ್ನು ಮಯಾಮಿ ಮಾರ್ಲಿನ್ಸ್‌ಗೆ ಕಳುಹಿಸಲಾಯಿತು. ಅಲ್ಲಿ ಎಂಟು ಋತು ಆಡಿ, ಕ್ರಮೇಣ ಖಾಯಂ ಶಾರ್ಟ್‌ಸ್ಟಾಪ್ ಆಗಿ, 2023ರಲ್ಲಿ ಡಾಡ್ಜರ್ಸ್‌ಗೆ ಮರಳಿದವರು ಮತ್ತೆ ಮೊದಲಿನ ಹಾಗೆ ಕರೆದಲ್ಲಿ ನಿಲ್ಲುವ ಆಟಗಾರರಾದರು.

ಲೇಖನದ ಬಗ್ಗೆ ನನ್ನ ನಿಜವಾದ ತಕರಾರು ಹೆಸರಿಗಿಂತ ದೊಡ್ಡದು. ಹೋಮ್ ರನ್‌ಗೆ ಎರಡು ಪ್ಯಾರಾ ಮೀಸಲಿಟ್ಟವರು ಅದೇ ಇನಿಂಗ್ಸ್‌ನ ಕೆಳಭಾಗವನ್ನು (ಆತಿಥೇಯರು ಬ್ಯಾಟ್ ಮಾಡುವ ಎರಡನೇ ಅರ್ಧವನ್ನು) ಪೂರ್ತಿ ಬಿಟ್ಟಿದ್ದಾರೆ. ಟೊರಾಂಟೊ ಬ್ಲೂ ಜೇಸ್ ಬ್ಯಾಟಿಂಗ್, ಒಬ್ಬ ಔಟ್, ಮೂರೂ ಬೇಸ್‌ನಲ್ಲಿ ಓಟಗಾರರು. ಒಂದು ರನ್ ಬಂದರೆ ಸರಣಿಯೇ ಮುಗಿಯಿತು. ಡಾಲ್ಟನ್ ವಾರ್ಶೊ ಹೊಡೆದ ಚೆಂಡು ಸೆಕೆಂಡ್ ಬೇಸ್ ಬಳಿಯಿದ್ದ ರೋಹಾಸ್ ಕಡೆಗೆ ಉರುಳಿತು. ಹಿಡಿಯುತ್ತಲೇ ಅವರು ಮುಗ್ಗರಿಸಿ ಹಿಂದಕ್ಕೆ ವಾಲಿದರು, ವಾಲುತ್ತಲೇ, ರನ್ ಗಳಿಸಲು ಓಟಗಾರ ಮುಟ್ಟಬೇಕಾದ ಹೋಮ್ ಪ್ಲೇಟ್‌ಗೆ ಎಸೆದರು. ಕ್ಯಾಚರ್ ವಿಲ್ ಸ್ಮಿತ್ ಅವರ ಕಾಲು ಪ್ಲೇಟ್‌ನಿಂದ ಎದ್ದು, ಓಟಗಾರ ಮುಟ್ಟುವ ಮುನ್ನ ಮತ್ತೆ ಊರಿತು. ವಿಡಿಯೊ ಪರಿಶೀಲನೆಯ ನಂತರವೂ ತೀರ್ಪು ಔಟ್. ಆ ಓಟಗಾರ ಐಸಾಯಾ ಕೈನರ್-ಫಲೇಫಾ ಕೂಡ ಕ್ಯಾಚರ್‌ನಿಂದ ಹಿಡಿದು ಔಟ್‌ಫೀಲ್ಡ್‌ವರೆಗೆ ಹಲವು ಸ್ಥಾನಗಳಲ್ಲಿ ಆಡಿದ ಯುಟಿಲಿಟಿ ಆಟಗಾರನೇ ಎಂಬುದು ಆ ರಾತ್ರಿಯ ಒಂದು ಸೋಜಿಗ. ಡಾಡ್ಜರ್ಸ್ 11ನೇ ಇನಿಂಗ್ಸ್‌ನಲ್ಲಿ 5–4ರಿಂದ ಗೆದ್ದರು.

ಇಂಥವರಿಗೆ, ಅತ್ಯುತ್ತಮ ಫೀಲ್ಡಿಂಗ್‌ಗೆ ಕೊಡುವ ಗೋಲ್ಡ್ ಗ್ಲವ್ ಪ್ರಶಸ್ತಿಯಲ್ಲಿ ಪ್ರತ್ಯೇಕ ವಿಭಾಗ ಬಂದದ್ದೇ 2022ರಲ್ಲಿ, ಪ್ರಶಸ್ತಿ ಆರಂಭವಾಗಿ 65 ವರ್ಷಗಳಾದ ಮೇಲೆ. ಹೀಗಿರುವಾಗ ತಮ್ಮ ವರದಿಗಾರರನ್ನು ಹೆಚ್ಚು ದೂರಲಾರೆ. ಮುಂದೆ ಆ ಪಂದ್ಯದ ಪ್ರಸ್ತಾಪ ಬಂದಾಗ ಆ ಎಸೆತಕ್ಕೂ ನಾಲ್ಕು ಸಾಲು ಮೀಸಲಿಡಬೇಕೆಂದು ಕೋರುತ್ತೇನೆ.

ಇಂತಿ,
ತಮ್ಮ ಕ್ರೀಡಾ ಪುಟದ ಖಾಯಂ ಓದುಗ