ಗೆಳೆಯನಿಗೊಂದು ಪತ್ರ: ಹವಾನಾದ ಎಸ್ತೇಬಾನ್ ಬೆಯಾನ್

ಪ್ರಿಯ ಗೆಳೆಯ,

ಅಮೆರಿಕದ ಆಟವಾದ ಬೇಸ್‌ಬಾಲ್ ಕ್ಯೂಬಾದ ಮಣ್ಣಿನಲ್ಲಿ ಅಷ್ಟು ಆಳವಾಗಿ ಬೇರೂರಿದ್ದು ಹೇಗೆ ಎಂದು ನೀನು ಕೇಳಿದ್ದೆ. ಆ ಪ್ರಶ್ನೆಗೆ ಉತ್ತರ ಹುಡುಕುತ್ತ ಹೋದವನು ಎಸ್ತೇಬಾನ್ ಬೆಯಾನ್ ಎಂಬ ಒಬ್ಬನೇ ಆಟಗಾರನ ಬಳಿ ನಿಂತುಬಿಟ್ಟೆ.

1849ರಲ್ಲಿ ಹವಾನಾದಲ್ಲಿ ಹುಟ್ಟಿದ ಬೆಯಾನ್‌ನನ್ನು ಮನೆಯವರು ಓದಲೆಂದು ನ್ಯೂಯಾರ್ಕಿನ ಫೋರ್ಡಮ್‌ನಲ್ಲಿದ್ದ ಜೆಸ್ವಿಟ್ ಕಾಲೇಜಿಗೆ ಕಳಿಸಿದರು. ಅವನು ಅಲ್ಲಿ ಬೇಸ್‌ಬಾಲನ್ನೂ ಕಲಿತ. 1868ರಲ್ಲಿ ಕಾಲೇಜು ಬಿಟ್ಟ ಮೇಲೆ ಮೊರಿಸೇನಿಯಾದ ಯೂನಿಯನ್ಸ್ ತಂಡಕ್ಕೆ ಆಡಿ, ಮರುವರ್ಷ ಟ್ರಾಯ್ ಊರಿನ ಹೇಮೇಕರ್ಸ್ ತಂಡ ಸೇರಿಕೊಂಡ. 1871ರಲ್ಲಿ ಅಮೆರಿಕದ ಮೊದಲ ವೃತ್ತಿಪರ ಲೀಗ್ ಆರಂಭವಾದಾಗ ಆ ತಂಡವೂ ಅದರಲ್ಲಿತ್ತು. ಹಾಗಾಗಿ ಅಂಥ ಲೀಗಿನಲ್ಲಿ ಆಡಿದ ಮೊದಲ ಲ್ಯಾಟಿನ್ ಅಮೆರಿಕನ್ ಎಂಬ ಹೆಸರು ಅವನದಾಯಿತು. ಆ ಲೀಗನ್ನು ಮೇಜರ್ ಲೀಗ್, ಅಂದರೆ ಅತ್ಯುನ್ನತ ಮಟ್ಟದ ಲೀಗ್ ಎಂದು ಒಪ್ಪದವರು ಈ ಗೌರವವನ್ನು 1902ರಲ್ಲಿ ಆಡಿದ ಕೊಲಂಬಿಯಾದ ಲೂಯಿಸ್ ಕ್ಯಾಸ್ಟ್ರೊಗೆ ಕೊಡುತ್ತಾರೆ. ನನಗೆ ಆ ವಾದ ಒಪ್ಪಿಗೆಯಿಲ್ಲ: ಆಗ ಇದ್ದ ಅತ್ಯುನ್ನತ ಮಟ್ಟದಲ್ಲಿ ಆಡಿದವನನ್ನು ನಂತರದ ಅಳತೆಗೋಲಿನಿಂದ ಹೊರಗಿಡುವುದು ಸರಿಯಲ್ಲ.

ಅಲ್ಲಿ ಮೂರು ಋತುಗಳಲ್ಲಿ ಅವನು ಆಡಿದ್ದು 60 ಪಂದ್ಯಗಳು, ಕೊನೆಯವು ನ್ಯೂಯಾರ್ಕ್ ಮ್ಯೂಚುವಲ್ಸ್ ಪರವಾಗಿ. ಹೆಚ್ಚಾಗಿ ನಿಲ್ಲುತ್ತಿದ್ದುದು ಓಟಗಾರ ಕ್ರಮವಾಗಿ ಮುಟ್ಟುವ ಗುರುತುಗಳಲ್ಲಿ ಮೂರನೆಯದರ ಬಳಿ, ಅಂದರೆ ಮೂರನೇ ಬೇಸ್‌ನಲ್ಲಿ. ಬಲಗೈ ಬ್ಯಾಟರ್ ಬೀಸಿ ಎಳೆದ ಚೆಂಡು ನೇರವಾಗಿ ನುಗ್ಗಿ ಬರುವ ಜಾಗವದು, ಮತ್ತು ಆ ಕಾಲದಲ್ಲಿ ಕೈಗವಸು ಇರಲಿಲ್ಲ. ಹತ್ತಿರ ನಿಂತು ಬರಿಗೈಯಲ್ಲಿ ಚೆಂಡು ಹಿಡಿಯುವ ನೋವು ಕ್ರಿಕೆಟ್ ಆಡಿದ ನಿನಗೆ ಗೊತ್ತು. ಚೆಂಡು ಹಿಡಿದು ಎಸೆಯುವಲ್ಲಿ ಅವನ ಲೆಕ್ಕದಲ್ಲಿರುವ ತಪ್ಪುಗಳನ್ನು ಎಣಿಸುವಾಗ ಅದನ್ನು ನೆನಪಿಡು.

ಆದರೆ ಅವನ ನಿಜವಾದ ಕೆಲಸ ಶುರುವಾದದ್ದು ಊರಿಗೆ ಮರಳಿದ ಮೇಲೆ. ಸ್ಪೇನಿನ ಆಳ್ವಿಕೆಯ ವಿರುದ್ಧ 1868ರಲ್ಲಿ ಎದ್ದ ದಂಗೆ ಹತ್ತು ವರ್ಷದ ಯುದ್ಧವಾಗಿ ಬೆಳೆದಿತ್ತು. ನಮ್ಮಲ್ಲಿ ಕ್ರಿಕೆಟ್ ಆಳುವವರ ಆಟವಾಗಿ ಬಂತು. ಕ್ಯೂಬಾದಲ್ಲಿ ಆಳುವವರ ಮೋಜು ಗೂಳಿಕಾಳಗವಾಗಿತ್ತು, ಅದಕ್ಕೆ ಬೆನ್ನು ತಿರುಗಿಸಿದ ಅನೇಕ ತರುಣರಿಗೆ ಬೇಸ್‌ಬಾಲ್ ತಮ್ಮತನದ ಗುರುತಾಯಿತು. 1874ರ ಡಿಸೆಂಬರ್ 27ರಂದು ಮತಾನ್ಸಾಸ್‌ನ ಪಾಲ್ಮಾರ್ ದೆ ಹುಂಕೋ ಮೈದಾನದಲ್ಲಿ ಹವಾನಾ ತಂಡವು ಸ್ಥಳೀಯರನ್ನು 51-9ರಿಂದ ಸೋಲಿಸಿತು. ಕತ್ತಲಾಗಿ ನಿಲ್ಲಿಸಬೇಕಾಗಿ ಬಂದ ಆ ಪಂದ್ಯದಲ್ಲಿ ಬೆಯಾನ್ ಮೂರು ಹೋಮ್ ರನ್ (ಒಂದೇ ಹೊಡೆತದಿಂದ ಎಲ್ಲ ಬೇಸ್ ಸುತ್ತಿ ಬರುವುದು) ಹೊಡೆದಿದ್ದ. ಅಮೆರಿಕದಲ್ಲಿ ಪಳಗಿದ ಕೈಗೂ ಆಗಷ್ಟೇ ಕಲಿಯುತ್ತಿದ್ದ ಕೈಗಳಿಗೂ ಇದ್ದ ಅಂತರ ಆ ಅಂಕಿಗಳಲ್ಲೇ ಕಾಣುತ್ತದೆ.

ಯುದ್ಧ ನಿಂತ 1878ರ ಕೊನೆಯಲ್ಲೇ ಹವಾನಾ, ಅಲ್ಮೆಂಡಾರೆಸ್, ಮತಾನ್ಸಾಸ್ ಎಂಬ ಮೂರು ತಂಡಗಳೊಂದಿಗೆ ಕ್ಯೂಬಾದ ಲೀಗ್ ಆರಂಭವಾಯಿತು. ತಾನೂ ಆಡುತ್ತ, ತಂಡವನ್ನೂ ನಡೆಸುತ್ತ, ಬೆಯಾನ್ ಮೊದಲ ಪ್ರಶಸ್ತಿಯನ್ನು ಹವಾನಾಕ್ಕೆ ತಂದುಕೊಟ್ಟ. 1886ರವರೆಗೆ ವ್ಯವಸ್ಥಾಪಕನಾಗಿದ್ದ ಅವನ ಹೆಸರಿನಲ್ಲಿ ಮೂರು ಪ್ರಶಸ್ತಿಗಳಿವೆ. ಒಂದು ಮಾತನ್ನು ಮುಚ್ಚಿಡಲಾರೆ: ಸ್ವಾತಂತ್ರ್ಯದ ಕನಸು ಹೊತ್ತ ಆ ಆಟದ ಲೀಗ್ 1900ರವರೆಗೂ ಕರಿಯ ಆಟಗಾರರನ್ನು ಒಳಗೆ ಬಿಡಲಿಲ್ಲ. ಇದನ್ನು ಓದಿದಾಗ ನನಗೆ ತೀವ್ರವಾಗಿ ನೋವಾಯಿತು. ಗುಲಾಮಗಿರಿ ರದ್ದಾದ 1886ರ ಬಳಿಕವೂ ಹದಿನಾಲ್ಕು ವರ್ಷ ಆ ಬಾಗಿಲು ಮುಚ್ಚಿಯೇ ಇತ್ತು.

1923ರಲ್ಲಿ ಹವಾನಾದವನೇ ಆದ ಅಡಾಲ್ಫೊ ಲೂಕೆ ಸಿನ್ಸಿನಾಟಿ ರೆಡ್ಸ್ ಪರ ಚೆಂಡೆಸೆದು ಒಂದೇ ಋತುವಿನಲ್ಲಿ 27 ಪಂದ್ಯ ಗೆದ್ದು ಬಂದಾಗ ಊರು ಅವನನ್ನು ವೀರನಂತೆ ಬರಮಾಡಿಕೊಂಡಿತು. ಆಗ ಬೆಯಾನ್‌ಗೆ ಎಪ್ಪತ್ತು ದಾಟಿತ್ತು. ಅವನು ತೀರಿಕೊಂಡದ್ದು 1932ರ ಆಗಸ್ಟ್ 8ರಂದು, ಹುಟ್ಟಿದ ಹವಾನಾದಲ್ಲೇ.

ನಿನ್ನ
ಗೆಳೆಯ