ಆ ಮಳೆಯ ದಿನ ನಾನು ಒಳಗೇ ಇದ್ದೆ

ಮಗಳೇ,

ಅಮ್ಮನನ್ನು ನಿನ್ನ ಮನೆಗೆ ಕರೆದುಕೊಂಡು ಹೋಗಿ ಇವತ್ತಿಗೆ ಹನ್ನೆರಡು ದಿನ. ಫೋನ್ ಮಾಡಿದರೆ ನೀನು ಮಾತಾಡದೆ ಅವಳ ಕೈಗೆ ಕೊಡುತ್ತೀಯ. ಅದಕ್ಕೇ ಬರೆಯುತ್ತಿದ್ದೇನೆ. ಆ ರಾತ್ರಿಯ ವಿಷಯ ಎತ್ತುವುದಿಲ್ಲ. ಅಮ್ಮನಿಗೆ ಅಂತ ತಂದ ಸ್ಟ್ರೆಚರ್ ಯಾಕೆ ಒಳಗೆ ಬರಲಿಲ್ಲ ಅಂತ ಇಬ್ಬರಿಗೂ ಗೊತ್ತು.

ನನಗೆ ಬೇರೆ ದಿನವೊಂದು ನೆನಪಾಗುತ್ತಿದೆ. ನೀನಾಗ ಏಳನೇ ಕ್ಲಾಸು. ಜೋರು ಮಳೆ. ಜೊತೆಯಲ್ಲಿ ಗೆಳತಿ ಇದ್ದಳು. ಬಾಗಿಲವರೆಗೂ ಬಂದು ನೀನು ಅವಳಿಗೆ, "ಕೀ ಇಲ್ಲ ಕಣೇ, ಇಲ್ಲೇ ನಿಲ್ಲೋಣ" ಅಂದೆ. ಕೀ ನಿನ್ನ ಬ್ಯಾಗಿನಲ್ಲೇ ಇತ್ತು. ನಾನು ಬಾಗಿಲ ಈಚೆ, ಪೇಪರ್ ಕಟ್ಟುಗಳ ನಡುವೆ ನಿಂತಿದ್ದೆ. ಇಬ್ಬರಿಗೂ ಒಂದೇ ಕೊಡೆ, ಅದರದ್ದೂ ಕಡ್ಡಿ ಮುರಿದಿತ್ತು. ಮುಕ್ಕಾಲು ಗಂಟೆ ನಿಂತಿರಿ. ನಾನು ಬಾಗಿಲು ತೆಗೆದರೆ ನಿನ್ನ ಸುಳ್ಳು ಬಯಲಾಗುತ್ತೆ, ಅದಕ್ಕೇ ಸುಮ್ಮನಿದ್ದೆ ಅಂತ ಇಷ್ಟು ವರ್ಷ ಹೇಳಿಕೊಂಡು ಬಂದೆ. ಅದು ನಿಜ ಅಲ್ಲ. ನನಗೇ ನಾಚಿಕೆಯಾಗಿತ್ತು. ಅವಳು ಹೋದ ಮೇಲೆ ನೀನು ಒಳಗೆ ಬಂದು ನನ್ನನ್ನು ನೋಡಿದೆ. ಏನೂ ಕೇಳಲಿಲ್ಲ. ಟವೆಲ್ ಹುಡುಕಿದೆ. ಅಷ್ಟೊಂದು ಬಟ್ಟೆ ತುಂಬಿದ್ದ ಮನೆಯಲ್ಲಿ ಒಂದು ಒಣ ಟವೆಲ್ ಸಿಗಲಿಲ್ಲ. ಕೊನೆಗೆ ನಿನ್ನ ಲಂಗದ ಒಣಗಿದ್ದ ತುದಿಯಲ್ಲೇ ಮುಖ ಒರೆಸಿಕೊಂಡೆ. ಕ್ಷಮಿಸು ಮಗಳೇ. ಇದನ್ನು ಅವತ್ತೇ ಹೇಳಬೇಕಿತ್ತು.

ಕಳೆದ ವಾರ ಮನೋವೈದ್ಯರ ಹತ್ತಿರ ಹೋಗಿದ್ದೆ. ನಾನಾಗಿಯೇ ಹೋದೆ. ಹೋರ್ಡಿಂಗ್ ಡಿಸಾರ್ಡರ್ ಅಂದರು, ಅಂದರೆ ಏನನ್ನೂ ಬಿಸಾಡಲಾಗದೆ ಕೂಡಿಡುತ್ತಲೇ ಹೋಗುವ ಕಾಯಿಲೆ. ಮೊದಲೆಲ್ಲ ಇದನ್ನು ಒಸಿಡಿಯ, ಅಂದರೆ ಒಂದೇ ಯೋಚನೆ, ಒಂದೇ ಕೆಲಸ ಬೇಡವೆಂದರೂ ಮತ್ತೆ ಮತ್ತೆ ಕಾಡುವ ಕಾಯಿಲೆಯ, ಜೊತೆಗೇ ಸೇರಿಸಿ ನೋಡುತ್ತಿದ್ದರಂತೆ. 2013ರಲ್ಲಿ ಅಮೆರಿಕದ ಮನೋವೈದ್ಯರ ಕೈಪಿಡಿ ಇದನ್ನು ಬೇರೆಯೇ ಕಾಯಿಲೆ ಅಂತ ಸೇರಿಸಿತು. 100 ಜನರಲ್ಲಿ 2–3 ಮಂದಿಗೆ ಇರುತ್ತದಂತೆ. ನೆಪ ಹೇಳುತ್ತಿದ್ದೇನೆ ಅಂದುಕೊಳ್ಳಬೇಡ. ಇದಕ್ಕೊಂದು ಹೆಸರಿದೆ ಅಂತ ಕೇಳಿ ಅಲ್ಲೇ ಅತ್ತುಬಿಟ್ಟೆ.

ಇಂಥವರ ಮೆದುಳಿನ ಸ್ಕ್ಯಾನ್ ಮಾಡಿ ನೋಡಿದ್ದಾರೆ, 2012ರಲ್ಲಿ. ಬೇರೆಯವರ ಕಾಗದ ಇಡಬೇಕಾ, ಬಿಸಾಡಬೇಕಾ ಅಂದಾಗ ಮೆದುಳಿನ ಕೆಲವು ಭಾಗಗಳು ಮಂಕಾಗಿದ್ದವು. ಸ್ವಂತ ಕಾಗದ ಅಂದಾಗ ಅವೇ ಭಾಗಗಳು ಮಿತಿಮೀರಿ ಕೆಲಸ ಮಾಡಿದವು. ನಿನ್ನ ಮನೆಯ ಅಟ್ಟವನ್ನು ಒಂದೇ ಬೆಳಗ್ಗೆ ಖಾಲಿ ಮಾಡಿಕೊಟ್ಟೆನಲ್ಲ, ಹಾಗೆ. ನನ್ನದು ಅಂತ ಬಂದರೆ ಒಂದು ಹಳೇ ರಸೀದಿ ಹಿಡಿದು ಅರ್ಧ ಗಂಟೆ ಕೂರುತ್ತೇನೆ.

ಒಂದು ವಿಷಯ ಮಾತ್ರ ನಿದ್ದೆ ಕೆಡಿಸುತ್ತಿದೆ. ನ್ಯೂಯಾರ್ಕಿನಲ್ಲಿ ಕಾಲಿಯರ್ ಅಂತ ಅಣ್ಣತಮ್ಮ ಇದ್ದರು. ಅಣ್ಣನಿಗೆ ಕಣ್ಣು ಕಾಣುತ್ತಿರಲಿಲ್ಲ. ದೃಷ್ಟಿ ವಾಪಸ್ ಬಂದಾಗ ಓದಲಿ ಅಂತ ತಮ್ಮ ಪೇಪರ್‌ಗಳನ್ನೆಲ್ಲ ಎತ್ತಿಟ್ಟ. 1947ರಲ್ಲಿ ರಾಶಿ ಮೈಮೇಲೆ ಕುಸಿದು ತಮ್ಮ ಸತ್ತ. ನೋಡಿಕೊಳ್ಳುವವರಿಲ್ಲದೆ ಅಣ್ಣನೂ ಸತ್ತ. ಇಬ್ಬರ ನಡುವೆ ಇದ್ದದ್ದು ಹತ್ತು ಅಡಿ. ಆದರೂ ಅಣ್ಣನ ಶವ ಸಿಕ್ಕಿ ಎರಡು ವಾರ ದಾಟಿದ ಮೇಲೆ ತಮ್ಮನದು ಸಿಕ್ಕಿತು. ನಿನ್ನ ಪರೀಕ್ಷೆಗೆ ಬೇಕಾಗುತ್ತೆ ಅಂತಲೇ ನಾನೂ ಪೇಪರ್ ಎತ್ತಿಡಲು ಶುರು ಮಾಡಿದ್ದು. ಆ ಹತ್ತು ಅಡಿ ನೆನೆದಾಗಲೆಲ್ಲ ಅಮ್ಮ ಕಣ್ಣ ಮುಂದೆ ಬರುತ್ತಾಳೆ.

ಇಲಿ ಜಾಸ್ತಿಯಾಗಿದೆ ಅಂತ ಹೇಳಲು ಬಂದ ಕೆಳಗಿನ ಮನೆಯವರ ಮೇಲೆ ಕೂಗಾಡಿದ್ದೆ. ನಿನ್ನೆ ಹೋಗಿ ಕ್ಷಮೆ ಕೇಳಿದೆ. ಬೆಂಕಿ ಬಿದ್ದಿದ್ದರೆ ಅವರ ಮಕ್ಕಳೂ ಅದೇ ಮೆಟ್ಟಿಲಲ್ಲಿ ಇಳಿಯಬೇಕಿತ್ತು. ಅಲ್ಲೂ ನನ್ನದೇ ಡಬ್ಬಗಳು. ಮೊದಲು ಅವನ್ನು ತೆಗೆದೆ.

ಲಾರಿ ತಂದು ಒಂದೇ ದಿನದಲ್ಲಿ ಎಲ್ಲ ಎತ್ತಿಸ್ತೀನಿ ಅಂದೆಯಲ್ಲ, ಅದು ಬೇಡ. ಹಾಗೆ ಖಾಲಿ ಮಾಡಿಸಿದ ಮನೆ ಸಾಮಾನ್ಯವಾಗಿ ಮತ್ತೆ ತುಂಬಿಕೊಳ್ಳುತ್ತದೆ. ಒಂದೊಂದನ್ನೂ ಕೈಗೆತ್ತಿಕೊಂಡು ನಾನೇ ನಿರ್ಧಾರ ಮಾಡುವುದು ಕಲಿಯಬೇಕು. ಚಿಕಿತ್ಸೆ ತಿಂಗಳುಗಟ್ಟಲೆ ಹಿಡಿಯುತ್ತದೆ. ನೀನು ಪಕ್ಕದಲ್ಲಿ ಕೂತರೆ ಸಾಕು.

ಮತ್ತೆ ಮೊಮ್ಮಗಳ ವಿಷಯ. ಈ ಕಾಯಿಲೆ ಹೆಚ್ಚಾಗಿ 11–15ರ ವಯಸ್ಸಿನಲ್ಲಿ ಶುರುವಾಗಿ, ವಯಸ್ಸಾದಂತೆ ಬಲಿಯುತ್ತದೆ. ರಕ್ತಸಂಬಂಧದಲ್ಲೂ ಬರಬಹುದು. ನಾನು ಖಾಲಿ ರೀಫಿಲ್ ಕೂಡಿಡುತ್ತಿದ್ದದ್ದು ಅದೇ ವಯಸ್ಸಿನಲ್ಲಿ. ಅವಳು ಚಾಕಲೇಟ್ ಕಾಗದ ಎತ್ತಿಟ್ಟ ಮಾತ್ರಕ್ಕೆ ಹೆದರಬೇಡ, ಮಕ್ಕಳು ಇಡುತ್ತಾರೆ. ಕೇಳದೆ ಮಾತ್ರ ಬಿಸಾಡಬೇಡ. ಬಿಸಾಡಲು ತುಂಬಾ ಸಂಕಟ ಪಡುತ್ತಾಳಾ ನೋಡು. ಬೈಯಬೇಡ. ಕೂರಿಸಿಕೊಂಡು ಮಾತಾಡಿಸು. ನೀನೂ ರಾತ್ರಿ ಹೊತ್ತಿಗೆ ಸರಿಯಾಗಿ ಮಲಗು. ಎಲ್ಲವನ್ನೂ ಒಬ್ಬಳೇ ಹೊರಬೇಡ. ಮತ್ತೆ ಉಪದೇಶಕ್ಕೆ ಇಳಿದೆ, ಅಲ್ವಾ? ಅಮ್ಮನನ್ನು ನೀನು ನೋಡಿಕೊಳ್ಳುತ್ತಿರುವ ರೀತಿಗೆ ನನಗೆ ಹೆಮ್ಮೆ ಇದೆ. ಅದನ್ನು ಮೊದಲು ಬರೆಯಬೇಕಿತ್ತು.

ಬಾಗಿಲಿನಿಂದ ಅಮ್ಮನ ಮಂಚದವರೆಗೆ ದಾರಿ ಬಿಡಿಸುತ್ತಿದ್ದೇನೆ. ಇವತ್ತು ಬೆಳಗ್ಗೆ ಟೇಪ್ ಹಿಡಿದು ಅಳೆದೆ. ಎರಡು ಅಡಿ ಮೂರು ಇಂಚು ಆಗಿದೆ. ತಿರುವಿನಲ್ಲಿ ಇನ್ನೂ ಸಾಲದು. ಆ ಕೊಡೆ ಸಿಕ್ಕಿತು. ಅದನ್ನೇನು ಮಾಡಬೇಕು ಅಂತ ನೀನೇ ಬಂದು ಹೇಳು. ಅಮ್ಮನ ಓದುವ ಕನ್ನಡಕವೂ ಅದರ ಹತ್ತಿರವೇ ಇತ್ತು. ಒರೆಸಿ ಇಟ್ಟಿದ್ದೇನೆ, ಅವಳಿಗೆ ಹೇಳು.

ನಿನ್ನ ಅಪ್ಪ