ದೋಸ್ತಾ, ಬಿ. ಜಯಾ ಅವರ ಬಗ್ಗೆ ಒಂದು ಮಾತು

ದೋಸ್ತಾ,

ಬಿಸಿಲು ಹೇಗಿದೆ ಅಂತ ಕೇಳಬೇಡ. ಕಲಬುರಗಿಯಲ್ಲಿದ್ದೇನೆ, ಅಷ್ಟು ಸಾಕು. ನಾಟಕ ತಂಡದವರೆಲ್ಲ ಆರಾಮ. ಆ ಛತ್ರಿ ಈಗಲೂ ನಮ್ಮ ಹತ್ತಿರವೇ ಇದೆ, ಯಾರಿಗೂ ಮುಟ್ಟೋಕೆ ಬಿಟ್ಟಿಲ್ಲ.

ಈ ಪತ್ರವನ್ನು ಎಲ್ಲರೂ ಓದಲಿ ಅಂತ ಇಲ್ಲೇ ಹಾಕುತ್ತಿದ್ದೇನೆ. ಫೋನಿನಲ್ಲಾದರೆ ನೀನು ಅರ್ಧಕ್ಕೇ ಮಾತು ತಿರುಗಿಸುತ್ತೀ. ಅದೂ ಅಲ್ಲದೆ, ಹಾಸ್ಯನಟಿ ಬಿ. ಜಯಾ ಅವರ ಬಗ್ಗೆ ನಾಲ್ಕು ಜನ ಜಾಸ್ತಿ ಓದಿದರೆ ಒಳ್ಳೆಯದೇ ಅಲ್ವಾ?

ಮೊನ್ನೆ ಟಿವಿಯಲ್ಲಿ ಹಳೇ ಕಪ್ಪು-ಬಿಳುಪು ಸಿನಿಮಾ ಬರುತ್ತಿತ್ತು. ಜಯಾ ಬಂದರು, ಒಂದು ಮಾತು ಎಸೆದರು, ಹೋದರು. ಅವ್ವ ನಕ್ಕಳು. ಆಮೇಲೆ ಕೇಳಿದಳು: 'ಈಕಿಗಿ ಭಾಳ ಸಲ ನೋಡೀನಿ. ಹೆಸರೇನದ ಈಕೀದು?' ಇಷ್ಟು ವರ್ಷ ನೋಡಿ ನಕ್ಕಿದ್ದಾಳೆ, ಹೆಸರು ಮಾತ್ರ ಗೊತ್ತಿಲ್ಲ.

1958ರ 'ಭಕ್ತ ಪ್ರಹ್ಲಾದ'ದಿಂದ ಶುರು ಮಾಡಿದವರು. ನರಸಿಂಹರಾಜು, ಬಾಲಕೃಷ್ಣ, ದ್ವಾರಕೀಶ್ ಎಲ್ಲರ ಎದುರಿಗೂ ನಿಂತವರು. ಅದು ಎಂಥ ಕೆಲಸ ಅಂತ ನಿನಗೆ ನಾನು ಹೇಳಬೇಕಾ? ಒಬ್ಬರು ಮಾತು ಎಸೆದರೆ ಇನ್ನೊಬ್ಬರು ಹಿಡಿಯಬೇಕು. ಅರೆಗಳಿಗೆ ತಡವಾದರೂ ನಗು ಸತ್ತೇ ಹೋಯಿತು. ಚಪ್ಪಾಳೆ ಮಾತ್ರ ಮಾತು ಎಸೆದವರಿಗೇ, ಹಿಡಿದವರಿಗಲ್ಲ. ನರಸಿಂಹರಾಜು 1979ರಲ್ಲಿ ಹೋದರು, ಬಾಲಕೃಷ್ಣ 1995ರಲ್ಲಿ. ಜಯಾ ಮಾಡುತ್ತಲೇ ಇದ್ದರು. 300ಕ್ಕೂ ಹೆಚ್ಚು ಸಿನಿಮಾ, ಜೊತೆಗೆ ನಾಟಕ, ಧಾರಾವಾಹಿ. 2004ರ 'ಗೌಡ್ರು' ಚಿತ್ರಕ್ಕೆ ಅತ್ಯುತ್ತಮ ಪೋಷಕ ನಟಿ ಅಂತ ರಾಜ್ಯ ಪ್ರಶಸ್ತಿ ಬಂತು. ಲೆಕ್ಕ ಹಾಕು, ಮೊದಲ ಸಿನಿಮಾದಿಂದ ಅಲ್ಲಿಗೆ 46 ವರ್ಷ. 2021ರ ಜೂನ್ 3ರಂದು ತೀರಿಕೊಂಡಾಗ ಲಾಕ್‌ಡೌನ್. ನಾಲ್ಕು ಜನ ಸೇರಿ ಕಳಿಸಿಕೊಡೋ ಕಾಲವೂ ಅದಾಗಿರಲಿಲ್ಲ. ಅದು ನನಗೆ ಇವತ್ತಿಗೂ ನೋವು.

ಆ 46 ವರ್ಷವೇ ತಲೆಯಲ್ಲಿ ಕೂತುಬಿಟ್ಟಿದೆ.

ಹೊಸ ನಾಟಕದಲ್ಲಿ ನನಗೆ ಅಜ್ಜಿ ಪಾತ್ರ ಕೊಟ್ಟಿದ್ದಾರೆ. ಎಸ್.ಎಂ. ಪಂಡಿತ ರಂಗಮಂದಿರದಲ್ಲಿ ಪ್ರದರ್ಶನ. ಅಂಗಳದಲ್ಲಿ ಕೂತು ತೊಗರಿ ಹಸನು ಮಾಡುತ್ತಾಳೆ, ನಡುನಡುವೆ ಒಂದೊಂದು ಮಾತು. ಆಯ್ತು ಅಂದೆ. ಮನೆಗೆ ಬಂದು ಯಾರ ಜೊತೆಗೂ ಮಾತಾಡಲಿಲ್ಲ. ನಾನು ಊರಲ್ಲೇ ಉಳಿದದ್ದು ಬ್ಯಾಂಕ್ ಕೆಲಸಕ್ಕೆ ಅಂತ ಎಲ್ಲರೂ ತಿಳಿದಿದ್ದಾರೆ, ನೀನೂ. ಕೆಲಸ ಒಂದು ನೆಪ, ಗೆಳೆಯಾ. ಬೆಂಗಳೂರಿಗೆ ಬಂದರೆ ನಾಯಕಿಯ ಹಿಂದೆ ನಿಲ್ಲೋ ಪಾತ್ರವೇ ಸಿಗುತ್ತೆ ಅಂತ ಭಯ ಇತ್ತು. ನೀನು ಹೆದರಲಿಲ್ಲ, ಹೋದೆ. ನಿನ್ನ ಧಾರಾವಾಹಿ ನೋಡುತ್ತೇನೆ. ವಕೀಲ, ಪೊಲೀಸ್, ಪಕ್ಕದ ಮನೆಯವನು, ಏನೇ ಇರಲಿ, ನೀನು ಬಂದ ಕೂಡಲೇ ಖುಷಿ. ಅದರ ಜೊತೆಗೇ ಹೊಟ್ಟೆಕಿಚ್ಚು. ಯಾರ ಮುಂದೆಯೂ ಇದನ್ನು ಹೇಳಿರಲಿಲ್ಲ.

ಸುಮ್ನೆ ಜಯಾ ಅವರ ಬಗ್ಗೆ ಬರೆಯಬೇಕು ಅಂತ ಕೂತಿದ್ದೆ, ಎಲ್ಲೆಲ್ಲೋ ಹೋಯಿತು. ಇರಲಿ ಬಿಡು. ಓದುವವರೂ ನಮ್ಮವರೇ.

ಈಗ ಕೆಲಸದ ಮಾತು. ಅಜ್ಜಿ ನಮ್ಮ ಕಡೆ ಮಾತೇ ಆಡಬೇಕು ಅಂತ ಹಟ ಹಿಡಿದೆ, ನಿರ್ದೇಶಕರು ಒಪ್ಪಿದರು. ಆದರೆ ಬೆನ್ನು ಬಗ್ಗಿಸಿ, ದನಿ ನಡುಗಿಸಿ ಮುಪ್ಪು ತೋರಿಸೋದು ನನಗೆ ಬೇಡ. ಬರೀ ಕೈಯಲ್ಲಿ, ಕೂತು ಏಳೋದರಲ್ಲಿ ತೋರಿಸೋಕೆ ಆಗುತ್ತಾ? ನಿನಗೆ ಗೊತ್ತಿರುತ್ತೆ, ಬರೆದು ಕಳಿಸು. ನಾಟಕಕ್ಕೆ ರಜೆ ಹಾಕಿ ಬಾ. ಮಾಲ್ಪುರಿ ನನ್ನ ಲೆಕ್ಕದಲ್ಲಿ. ಮೂರನೇ ಸಾಲು ಬೇಡ, ಯಾಕೆ ಅಂತ ನಿನಗೆ ಗೊತ್ತು. ಮುಂದೆಯೇ ಕೂತ್ಕೋ.

ನಿನ್ನ ಗೆಳತಿ